ಆರ್ಡಿತ್‌ಳ ಎಡಗಿವಿ

ಆರ್ಡಿತ್‌ಳ ಮುಖ ನೋಡದ ನರಪ್ರಾಣಿ ಅಮೆರಿಕದಲ್ಲೇ ಇಲ್ಲ ಎಂದು ಅವಳ ಮನೆಯೊಡತಿ ಮಿಸೆಸ್ ಪೊಕಾರ್ನಿ ಹಾಲಿವುಡ್‌ನ ಅರ್ಧ ಊರಿಗೆ ಸಾರಿದ್ದಳು. ಉಳಿದರ್ಧಕ್ಕೆ ಅವಳ ಗಂಟಲೇ ಮುಟ್ಟಿತ್ತು. ಅಲಾಸ್ಕದ ಕರಡಿಗಳೂ ಟಿಕೆಟ್ ಕೊಂಡು ನೋಡಿಹೋದವು ಎನ್ನುವವರೆಗೆ ಮಾತು ಬೆಳೆದಿತ್ತು.

ಆರ್ಡಿತ್ ಪ್ರುಯಿಟ್ ತೆರೆಯ ಮೇಲೆ ಮಾಡುತ್ತಿದ್ದುದು ಇಷ್ಟು: ಬಾಗಿಲು ತೆರೆಯುವುದು, ಕೋಟು ಇಸಿದುಕೊಳ್ಳುವುದು, ನಾಯಕಿಗೆ ಕಾಫಿ ಬಗ್ಗಿಸುವುದು. ಅವಳು ಮುಖ ಎತ್ತುವ ಹೊತ್ತಿಗೆ ಕಥೆ ಮುಂದಿನ ಕೋಣೆಗೆ ಹೋಗಿಬಿಟ್ಟಿರುತ್ತಿತ್ತು. ನೆಬ್ರಾಸ್ಕದ ಜೋಳದ ಹೊಲದಿಂದ ಬಂದ ಹುಡುಗಿಗೆ ಅದೂ ಕನಸೇ. ಬೆಳಿಗ್ಗೆ ಪ್ಯಾರಿಸ್ಸಿನ ಬೀದಿ ದಾಟಿ, ಊಟದ ಹೊತ್ತಿಗೆ ರಷ್ಯದ ಹಿಮದಲ್ಲಿ ನಿಂತು, ಸಂಜೆ ಬಟ್ಟೆಯ ಮೇಲೆ ಬರೆದ ಚಂದ್ರನ ಕೆಳಗೆ ಹಾದು ಟ್ರಾಮ್ ಹಿಡಿಯುತ್ತಿದ್ದಳು. ಆಮೇಲೆ ಕಿಟಕಿಯಲ್ಲಿ ಕಾಣುವ ಅಸಲಿ ಚಂದ್ರ ಅವಳಿಗೆ ತುಸು ಕಳಪೆ ಕೆಲಸ ಅನ್ನಿಸುತ್ತಿತ್ತು.

ಆರು ತಿಂಗಳಿಗೊಮ್ಮೆ ಸ್ಟುಡಿಯೋದವರು ಇವಳನ್ನು ಇಟ್ಟುಕೊಳ್ಳುವುದೋ ಬಿಡುವುದೋ ಎಂದು ತೀರ್ಮಾನಿಸುತ್ತಿದ್ದರು. ಈ ಸಲ ಮುಖ ಒಮ್ಮೆಯಾದರೂ ತೆರೆ ತುಂಬ ಕಾಣದಿದ್ದರೆ ಗಂಟುಮೂಟೆ ಕಟ್ಟಬೇಕು ಎಂದಿದ್ದರು. ಅಷ್ಟರಲ್ಲಿ ನಾಯಕಿ ಕ್ಲೋಡೀನ್ ವೆರಿಕ್‌ಳ ತಂಗಿಯ ಪಾತ್ರ ಬಂತು. ಅಣ್ಣ ಯುದ್ಧದಲ್ಲಿ ಸತ್ತನೆಂದು ತಂಗಿ ಹೇಳಬೇಕು, ಅಕ್ಕ ಅಳಬೇಕು. ಮೊದಲು ಕ್ಯಾಮೆರಾ ತಂಗಿಯ ಬೆನ್ನ ಹಿಂದೆ ನಿಂತು ಅಕ್ಕನ ಮುಖ ಹಿಡಿಯುತ್ತದೆ. ಆಮೇಲೆ ಅದು ಈ ಕಡೆ ತಿರುಗಿ ತಂಗಿಯ ಮುಖ ಹಿಡಿಯಬೇಕು.

ಕ್ಲೋಡೀನ್‌ಳ ಕಣ್ಣೋ, ಮೊಹಾವಿ ಮರುಭೂಮಿ. ಈರುಳ್ಳಿ ಹಿಡಿದರು, ಅವಳನ್ನು ಕಂಡು ಈರುಳ್ಳಿಯೇ ಅತ್ತಿತು. ಮಧ್ಯಾಹ್ನ ಹೀಗೇ ಕರಗಿತು. ಸಂಜೆಗೆ ದೀಪದವರು ಮನೆಗೆ ಹೊರಡುವವರು, ಬೆಳಗಾದರೆ ಈ ಸೆಟ್ಟಿನ ಗೋಡೆಗಳನ್ನೇ ಕಿತ್ತು ಬೇರೆ ಚಿತ್ರಕ್ಕೆ ಒಯ್ಯುವವರು. ಕ್ಲೋಡೀನ್ ಅಳದೆ ಕ್ಯಾಮೆರಾ ತಿರುಗುವುದಿಲ್ಲ, ಅದು ತಿರುಗದೆ ತನಗೆ ಮುಖವಿಲ್ಲ ಎಂದು ಆರ್ಡಿತ್‌ಗೆ ಹೊಳೆಯಿತು.

ಮುಂದಿನ ಸಲ ಅವಳು ಕ್ಲೋಡೀನ್‌ಳನ್ನು ಸುಮ್ಮನೆ ನೋಡಿದಳು. ದೀಪದ ಬಿಸಿಯಲ್ಲಿ ತೇಲುತ್ತಿದ್ದ ಧೂಳು ಜೋಳದ ಹೂವಿನ ಹುಡಿಯಾಯಿತು. ಹೊಲದಾಚೆಯಿಂದ ಸೈಕಲ್ಲಿನವನೊಬ್ಬ ತಂತಿ ಹಿಡಿದು ಮೆಲ್ಲಗೆ ಬರುತ್ತಿದ್ದ, ಹಗ್ಗಕ್ಕೆ ಬಟ್ಟೆ ಹಾಕುತ್ತಿದ್ದ ಅಮ್ಮ ಇನ್ನೂ ತಿರುಗಿರಲಿಲ್ಲ. ಸಾವಿನ ಸುದ್ದಿಯ ಆ ತಂತಿ ಆರ್ಡಿತ್‌ಳ ಮನೆಗೆ ನಿಜವಾಗಿಯೂ ಬಂದಿತ್ತು. ಅವಳು ಅಮ್ಮನಿಗೆ ಹೇಳುವ ಹಾಗೆಯೇ ಮೆಲ್ಲಗೆ ಹೇಳಿದಳು.

ಕ್ಲೋಡೀನ್ ಕಟ್ಟೆಯೊಡೆದಂತೆ ಅತ್ತಳು. ಬಡಗಿಗಳು ತೇಲಿಹೋಗದಂತೆ ಕಂಬ ಹಿಡಿದುಕೊಂಡರು. ಗೋಡೆಗೆ ಬಡಿದಿದ್ದ ಜಿಂಕೆತಲೆಯ ಗಾಜಿನ ಕಣ್ಣೂ ಒದ್ದೆಯಾಯಿತು.

ನಿರ್ದೇಶಕ ಮೂಗೊರೆಸಿಕೊಂಡ. "ಇದಾದ ಮೇಲೆ ಇನ್ನೇನ್ ತೆಗೆಯೋದು? ತಂಗಿ ಮುಖದ್ದು ಬೇಡ. ದೀಪ ಆರಿಸ್ರಪ್ಪಾ."

ಸ್ಟುಡಿಯೋ ಅವಳನ್ನು ಬಿಟ್ಟಿತು. ಚಿತ್ರ ಬೀದಿ ಕೊನೆಯ ಥಿಯೇಟರಿಗೆ ಬರುವಾಗ ಆರ್ಡಿತ್ ಟೋಪಿ ಅಂಗಡಿಯಲ್ಲಿ ಇತರರ ಮುಖಕ್ಕೆ ಟೋಪಿ ಹೊಂದಿಸುತ್ತಿದ್ದಳು. ಮಿಸೆಸ್ ಪೊಕಾರ್ನಿ ಅವಳ ಜೊತೆಗೆ ಇಡೀ ಬೀದಿಯನ್ನೂ ಕಟ್ಟಿಕೊಂಡು ಹೋದಳು. ಆ ದೃಶ್ಯದಲ್ಲಿ ಕತ್ತಲ ತುಂಬ ಮೂಗು ಸೀಟುವ ಸದ್ದು. ತೆರೆಯ ಒಂದಂಚಿಗೆ ಆರ್ಡಿತ್‌ಳ ಕೂದಲು, ಹೆಗಲು, ಎಡಗಿವಿ.

ಹೊರಗೆ ಬಂದ ಮೇಲೂ ಮಿಸೆಸ್ ಪೊಕಾರ್ನಿಯ ಮೂಗು ಕೆಂಪಗಿತ್ತು. ಬೀದಿಯವರೆದುರು ತನ್ನ ಮಾತು ಹೋಯಿತೆಂಬ ಸಿಟ್ಟು ಬೇರೆ.

"ಏನೇ ಆರ್ಡಿತ್, ಇಷ್ಟು ಜನಾನ ಕರ್ಕೊಂಡ್ ಬಂದ್ರೆ ಒಂದು ಕಿವಿ ತೋರ್ಸಿದ್ಯಲ್ಲೇ. ಮುಖ ಏನ್ ನಮ್ಮನೇಲೇ ಮರೆತು ಹೋಗಿದ್ಯಾ?"

ಆರ್ಡಿತ್ ಅವಳ ಕೈಯಲ್ಲಿದ್ದ ಕರ್ಚೀಫ್ ಇಸಿದುಕೊಂಡು ಹಿಂಡಿದಳು. ನೀರು ಇಳಿಯಿತು.

"ಅವಳು ಹಾಗೆ ಅತ್ತಿದ್ದು ನನ್ನ ಕಿವಿ ನೋಡಿ ಅಂದ್ಕೊಂಡ್ರಾ, ಮಿಸೆಸ್ ಪೊಕಾರ್ನಿ?"