ನಾರಾಯಣಪ್ಪ ತಟ್ಟಿದ ಬಾಗಿಲು

ಯಲ್ದೂರಿನ ಮಾವಿನ ತೋಪಿನಲ್ಲಿ ನಾನೊಂದು ಕಿರುಚಿತ್ರ ತೆಗೆಯುತ್ತಿದ್ದೆ. ತನ್ನ ಅಣ್ಣನ ವಿರುದ್ಧವೇ ಸುಳ್ಳು ಸಾಕ್ಷಿ ಹೇಳಿದವನೊಬ್ಬ ವರ್ಷಗಳ ಮೇಲೆ ಕ್ಷಮೆ ಕೇಳಲು ಬರುವ ಕಥೆ. ಆ ಪಾತ್ರಕ್ಕೆ ತೋಪಿನ ಕಾವಲುಗಾರ ನಾರಾಯಣಪ್ಪನವರನ್ನೇ ಒಪ್ಪಿಸಿದ್ದೆ. ಒಂಟಿ ಮನುಷ್ಯ, ಮಾತು ಕಡಿಮೆ.

ಕಥೆಯ ಆ ತಮ್ಮನ ಮನಸ್ಸು ಬದಲಾಗುವುದೆಲ್ಲ ಒಂದೇ ಶಾಟಿನಲ್ಲಿ. ತೋಪಿನ ಖಾಲಿ ಮನೆಯ ಬಾಗಿಲ ಮುಂದೆ ನಿಲ್ಲಬೇಕು, ಕಣ್ಣು ತುಂಬಬೇಕು, ತಟ್ಟಬೇಕು. ನಾರಾಯಣಪ್ಪ ನಾಲ್ಕು ಸಲವೂ ಕೈ ಎತ್ತಿ ಇಳಿಸಿಬಿಟ್ಟರು. ನನಗೆ ರೇಗಿತು.

"ತಟ್ಟೋದರಲ್ಲಿ ಏನು ಕಷ್ಟ?"

"ತಟ್ಟಿದ ಮೇಲೆ ಮುಖ ಹೆಂಗಿರುತ್ತೋ ಗೊತ್ತಿಲ್ಲ ಸಾರ್. ದೇವರಾಯಸಮುದ್ರದಲ್ಲಿ ನಮ್ಮಣ್ಣ ಇದ್ದ. ಮಾತು ಬಿಟ್ಟಿದ್ವಿ, ತಪ್ಪು ನಂದೇ. ಮೂರು ಸಲ ಬಾಗಿಲವರೆಗೂ ಹೋಗಿ ವಾಪಸ್ ಬಂದೆ. ಈಗ ಅವನಿಲ್ಲ."

ಕಣ್ಣೀರು ಹೇಗೆ ಬರಬೇಕೆಂದು ಬೆಳಗಿನಿಂದ ಇವರಿಗೆ ಹೇಳಿಕೊಡುತ್ತಿದ್ದೆನಲ್ಲ ಎಂದು ನಾಚಿಕೆಯಾಯಿತು. ಪ್ಯಾಕಪ್ ಅಂದೆ. ಅವರು ಬಿಡಲಿಲ್ಲ.

"ಇನ್ನೊಂದು ಸಲ ನೋಡೋಣ. ನೀವ್ಯಾರೂ ಇಲ್ಲಿರಬೇಡಿ."

ಕ್ಯಾಮೆರಾ ಚಾಲೂ ಮಾಡಿಟ್ಟು ಮರಗಳ ಆಚೆಗೆ ಹೋದೆವು. ಸ್ವಲ್ಪ ಹೊತ್ತಿಗೆ ಬಾಗಿಲು ತಟ್ಟಿದ ಸದ್ದು ಕೇಳಿಸಿತು. ಆಮೇಲೆ, ನಾನು ಬರೆಯದಿದ್ದ ಮಾತೊಂದು, ಅವರ ಮನೆಮಾತು ತೆಲುಗಿನಲ್ಲಿ: "ಅನ್ನಾ, ನೇನೇ." ಅಣ್ಣಾ, ನಾನೇ ಅಂತ.

ಒಳಗೆ ಯಾರೂ ಇರಲಿಲ್ಲ. ಮರಗಳ ಸಂದಿಯಿಂದ ನೋಡಿದರೆ, ಆದರೂ ಅವರು ತುಂಬಾ ಹೊತ್ತು ಕಾದು ನಿಂತಿದ್ದರು. ಅವರಾಗಿಯೇ ಹಿಂದಿರುಗುವವರೆಗೂ ಕ್ಯಾಮೆರಾ ಓಡಲು ಬಿಟ್ಟೆ.

ಕೋಲಾರದಲ್ಲಿ ಚಿತ್ರ ತೋರಿಸಿದಾಗ ಪ್ರೇಕ್ಷಕರೊಬ್ಬರು ಎದ್ದು, "ಕೊನೆಗೆ ಯಾರಾದರೂ ಆ ಬಾಗಿಲು ತೆಗೀಬೇಕಿತ್ತು" ಎಂದರು.

ಹೌದು ಸಾರ್, ತೆಗೀಬೇಕಿತ್ತು ಅಂದೆ.