ಬೇಸ್‌ಮೆಂಟಿನಿಂದ ಬಂದ ದನಿ

ಅಮೆರಿಕದ ಫಾರ್ಮಿಂಗ್ಟನ್ ಹಿಲ್ಸ್‌ನಲ್ಲಿ ನಮ್ಮ ಪಕ್ಕದ ಮನೆಗೆ ಒಂದು ಜಪಾನಿ ದಂಪತಿ ಬಂದರು. ಗಂಡ ಹತ್ತಿರದ ಟ್ರಾಯ್‌ನ ಆಫೀಸಿನಲ್ಲಿ ನನ್ನವರ ಸಹೋದ್ಯೋಗಿ. ಹೆಂಡತಿಗೆ ಡ್ರೈವಿಂಗ್ ಬರುತ್ತಿರಲಿಲ್ಲ, ಅವನು ಕಲಿಸಲೂ ಇಲ್ಲ. ಆ ಊರಿನಲ್ಲಿ ಕಾರಿಲ್ಲದವಳಿಗೆ ಮನೆಯೇ ಜೈಲು. ಹಾಗಾಗಿ ಅವಳ ಮಧ್ಯಾಹ್ನಗಳೆಲ್ಲ ನನ್ನ ಅಡುಗೆಮನೆಯಲ್ಲಿ ಕಳೆಯುತ್ತಿದ್ದವು.

ಒಮ್ಮೆ ಚಪಾತಿ ಲಟ್ಟಿಸುತ್ತಾ, ತನ್ನ ಹರುಕುಮುರುಕು ಇಂಗ್ಲಿಷಿನಲ್ಲಿ, ತಾನು ಸಿನಿಮಾ ನಟಿಯಾಗಿದ್ದೆ ಎಂದಳು. ನನಗೆ ಖುಷಿಯಾಯಿತು, ಅವಳ ಮುಖ ಮಾತ್ರ ಅರಳಲಿಲ್ಲ. ಮನೆಮಂದಿ ಕೂತು ನೋಡುವ ಚಿತ್ರಗಳಲ್ಲ ಅವು. ಬೆತ್ತಲೆ ಮೈ, ಧಾರಾಳ ರಕ್ತ. ಪ್ರತಿ ಚಿತ್ರದಲ್ಲೂ ಅವಳನ್ನು ಕೊಲ್ಲುತ್ತಿದ್ದರು. ಚೆನ್ನಾಗಿ ಕಿರುಚುತ್ತಾಳೆಂದೇ ಮುಂದಿನ ಅವಕಾಶ ಸಿಗುತ್ತಿತ್ತಂತೆ. ಒಂದು ಸಲ, ಕಿರುಚಾಟ ನಿಜವೆನಿಸುವವರೆಗೂ ಚಳಿಗಾಲದ ಹೊಳೆಯಲ್ಲಿ ನಿಲ್ಲಿಸಿದ್ದರಂತೆ. ಅದನ್ನೆಲ್ಲ ಬಿಟ್ಟು, ಹೆಸರು ಬದಲಿಸಿ, ಮದುವೆಯಾಗಿ ಇಲ್ಲಿಗೆ ಬಂದಿದ್ದಳು. ಗಂಡನಿಗೆ ಏನೂ ಗೊತ್ತಿಲ್ಲ, ಗೊತ್ತಾದರೆ ತನಗೆ ನಿಲ್ಲಲು ನೆಲೆಯಿಲ್ಲ ಎಂದಳು.

ಆದರೆ ಅಷ್ಟರಲ್ಲಿ ಅಂಥ ಹಳೆಯ ಚಿತ್ರಗಳು ಅಮೆರಿಕದಲ್ಲಿ ಡಿವಿಡಿಯಾಗಿ ಬರತೊಡಗಿದ್ದವು, ಹುಚ್ಚು ಅಭಿಮಾನಿಗಳೂ ಹುಟ್ಟಿಕೊಂಡಿದ್ದರು. ವಿಡಿಯೋ ಅಂಗಡಿಗೆ ಹೋದಾಗಲೆಲ್ಲ ಡಿವಿಡಿಗಳ ಮೇಲೆ ಎಲ್ಲಾದರೂ ಅವಳ ಮುಖವಿದೆಯೇ ಎಂದು ಹುಡುಕುತ್ತಿದ್ದೆ.

ಹಿಮ ಬೀಳುತ್ತಿದ್ದ ಒಂದು ಶನಿವಾರ ಮಧ್ಯಾಹ್ನ ನಮ್ಮಲ್ಲಿ ಪಾಟ್‌ಲಕ್, ಒಬ್ಬೊಬ್ಬರು ಒಂದೊಂದು ಅಡುಗೆ ಮಾಡಿ ತರುವ ಊಟ. ನಮ್ಮವರ ಪದ್ಧತಿ ಗೊತ್ತಲ್ಲ, ಹೆಂಗಸರು ಮೇಲೆ ಅಡುಗೆಮನೆಯಲ್ಲಿ, ಮಹಾರಾಯರೆಲ್ಲ ಬೇಸ್‌ಮೆಂಟಿನಲ್ಲಿ ದೊಡ್ಡ ಟಿವಿಯ ಮುಂದೆ. ಅವಳೊಬ್ಬಳೇ ಮೊದಲು ಬಂದಿದ್ದಳು, ಅಂದೂ ಕೆಲಸವಿದ್ದ ಗಂಡ ಆಫೀಸಿನಿಂದ ನೇರವಾಗಿ ಬರುವುದಿತ್ತು. ಬಿಸಿಗಾಳಿ ಬರುವ ನೆಲದ ಜಾಲರಿಯೊಳಗಿಂದ ಇದ್ದಕ್ಕಿದ್ದಂತೆ ಹೆಣ್ಣೊಬ್ಬಳ ಕಿರುಚಾಟ ಕೇಳಿಸಿತು.

“ಎಂಥಾ ಸಿನಿಮಾ ಹಾಕ್ಕೊಂಡಿದಾರಪ್ಪ ಇವ್ರು,” ಎಂದು ಆಂಟಿಯೊಬ್ಬರು ನಕ್ಕರು.

ಅವಳು ಬಿಳಿಚಿಕೊಂಡು ನನ್ನ ಮೊಣಕೈ ಹಿಡಿದಳು. ಅದು ತನ್ನದೇ ದನಿ ಎಂದಳು. ಗಂಡ ಬರುವುದರೊಳಗೆ ನಿಲ್ಲಿಸು ಎಂದು ಬೇಡಿಕೊಂಡಳು.

ಧಡಧಡನೆ ಮೆಟ್ಟಿಲಿಳಿದೆ.

“ರೀ, ಮೊದ್ಲು ಆಫ್ ಮಾಡ್ರಿ ಅದನ್ನ!”

“ನಂಗ್ಯಾಕೆ ಹೇಳ್ತೀಯೆ? ಡಿವಿಡಿ ತಂದಿದ್ದು ಇವ್ರು,” ಎಂದರು ನನ್ನವರು.

ಸೋಫಾದ ನಡುವೆ ಅವಳ ಗಂಡ ಕೂತಿದ್ದ. ಬೇಸ್‌ಮೆಂಟಿನ ಹಿತ್ತಿಲ ಬಾಗಿಲಿನಿಂದ ಬಂದಿರಬೇಕು, ಕೋಟನ್ನೂ ತೆಗೆದಿರಲಿಲ್ಲ. ರಿಮೋಟ್ ಅವನ ಕೈಯಲ್ಲೇ ಇತ್ತು. ನನ್ನನ್ನು ಕಂಡು ವಿನಯದಿಂದ ತಲೆಬಾಗಿಸಿದ. ಪರದೆಯ ಕಡೆ ಬೆರಳು ತೋರಿಸಿ, ಗುರುತು ಸಿಕ್ಕಿತೇ ಎಂದು ಇಂಗ್ಲಿಷಿನಲ್ಲಿ ಎಲ್ಲರನ್ನೂ ಕೇಳಿದ. ಇವಳ ಚಿತ್ರಗಳನ್ನೆಲ್ಲ ನೋಡಿಯೇ ಹುಡುಕಿಕೊಂಡು ಹೋಗಿ ಮದುವೆಯಾದೆ ಎಂದ. ಆಮೇಲೆ ರಿವೈಂಡ್ ಮಾಡಿ, ಅವಳನ್ನು ಇನ್ನೊಮ್ಮೆ ಕಿರುಚಿಸಿದ.