ಪದ್ಮವ್ವನವರ ಕಿಟಕಿಯ ಇಳಿಬಿಸಿಲು

ಕನ್ನಡ ಚಿತ್ರರಂಗದ ವೈಭವದ ಕಾಲದಲ್ಲಿ ಕಪ್ಪು-ಬಿಳುಪು ಚಿತ್ರಗಳಿಗೆ ಬೆಳಕು ಹೊಂದಿಸುತ್ತ ಪಳಗಿದ ನಾನು, 1996ರ ಮಾಘಮಾಸದಲ್ಲಿ ಒಂದು ವರ್ಣಚಿತ್ರದ ಛಾಯಾಗ್ರಾಹಕನಾಗಿ ಬೆಳಗಾವಿ ಸೀಮೆಗೆ ಹೋಗಿದ್ದೆ. ಗೋಕಾಕದ ಕೆಲಸ ಮುಗಿಸಿ, ಹುಕ್ಕೇರಿ ತಾಲ್ಲೂಕಿನ ಕಣಗಲಾದಲ್ಲಿ ಭರಮಪ್ಪನವರೆಂಬ ಜೈನ ಗೃಹಸ್ಥರ ಮನೆಯಲ್ಲಿ ಚಿತ್ರೀಕರಣಕ್ಕೆ ತೊಡಗಿದೆವು. ಅವರ ವೃದ್ಧ ತಾಯಿ ಪದ್ಮವ್ವನವರಿಗೆ ಸೂರ್ಯಾಸ್ತದ ನಂತರ ಅನ್ನ-ನೀರು ಮುಟ್ಟದ ವ್ರತ. ಸೊಸೆಯಾಗಿ ಆ ಮನೆ ತುಂಬಿದಂದಿನಿಂದ ಅದು ಒಮ್ಮೆಯೂ ಭಂಗವಾಗಿರಲಿಲ್ಲ.

ಆ ಸಂಜೆ ಪಡಸಾಲೆಯ ದೃಶ್ಯಕ್ಕೆ ಪಡುವಣ ಕಿಟಕಿಯಿಂದ ಇಳಿಬಿಸಿಲು ಬೀಳಬೇಕಿತ್ತು. ನಾಯಕನಟರು ಬರುವಷ್ಟರಲ್ಲಿ ಹೊತ್ತು ಮುಳುಗಿತು. ಹಿತ್ತಲಿನಲ್ಲಿ ಎರಡು ದೊಡ್ಡ ದೀಪಗಳನ್ನು ಎತ್ತರಕ್ಕೆ ನಿಲ್ಲಿಸಿ, ಮುಂದೆ ಕಿತ್ತಳೆ ಬಣ್ಣದ ಜೆಲಟಿನ್ ಹಾಳೆ ಕಟ್ಟಿಸಿದೆ. ಗೋಡೆಯ ಮೇಲೆ ಹದವಾದ ಬಿಸಿಲು ಮೂಡಿತು.

"ಸೂರ್ಯನಾರಾಯಣನಿಗೇ ರಜಾ ಕೊಟ್ಟಿರಲ್ಲ ಗುರುಗಳೇ!" ಎಂದು ನಿರ್ದೇಶಕರು ನಕ್ಕರು. ನಾನು ಬೀಗಿದೆ. ನನ್ನ ಸಂಧ್ಯಾವಂದನೆಯ ಹೊತ್ತು ಮೀರಿದ್ದೂ ನೆನಪಾಗಲಿಲ್ಲ.

ಶಾಟ್ ಮುಗಿದು ದೀಪ ಆರಿಸಿದೊಡನೆ ಅಡುಗೆಮನೆಯಿಂದ ಕೂಗು ಬಂತು. "ಅಯ್ಯ ನಮ್ಮವ್ವಾ! ಹೊತ್ತು ಹಿಂಗ ಧಡಕ್ಕನ ಮುಳುಗತೈತೇನ?"

ಮನೆಮಂದಿಯೆಲ್ಲ ಶೂಟಿಂಗ್ ನೋಡುತ್ತ ಪಡಸಾಲೆಯಲ್ಲಿದ್ದರು. ಜಪ ಮುಗಿಸಿ ಎದ್ದ ಪದ್ಮವ್ವ, ಹಿತ್ತಲ ಕಡೆಗಿದ್ದ ಅಡುಗೆಮನೆಯ ಕಿಟಕಿಯಲ್ಲಿ ಮಂಜುಗಣ್ಣಿಗೆ ಕಂಡ ಬಿಸಿಲನ್ನೇ ನಂಬಿ ಊಟಕ್ಕೆ ಕುಳಿತಿದ್ದರು. ನಾವು ಒಳಗೆ ಓಡಿದಾಗ ರೊಟ್ಟಿಯ ತುಣುಕು ಕೈಯಲ್ಲೇ ಇತ್ತು.

"ಖರೆ ಸೂರ್ಯ ಯಾವಾಗ ಮುಳುಗಿದ್ನೋ ತಮ್ಮಾ?" ಎಂದು ನನ್ನನ್ನೇ ಕೇಳಿದರು.

ಭರಮಪ್ಪ ನನ್ನ ಕಿವಿಯಲ್ಲಿ, "ಈಗ ಮುಳುಗೇತಿ ಅಂದುಬಿಡ್ರಿ ಸಾಹೇಬ್ರ. ಅವ್ವ ತಡಕೊಳ್ಳೂದಿಲ್ಲ" ಎಂದರು.

ನಾನು ಪದ್ಮವ್ವನವರತ್ತ ತಿರುಗಿದೆ. "ಮುಳುಗಿ ಬಹಳ ಹೊತ್ತಾಯಿತಮ್ಮಾ. ನೀವು ನೋಡಿದ್ದು ನನ್ನ ದೀಪ."

ಅವರು ತುಣುಕನ್ನು ತಾಟಿಗೆ ಹಾಕಿ, ಬಾಯಿ ಮುಕ್ಕಳಿಸಿ ಬಂದರು. "ಭಾಳ ಚಂದ ಐತಿ ಬಿಡೋ ನಿನ್ನ ದೀಪ. ನಾ ಅದರ ಮುಂದ ಣಮೋಕಾರ ಮಂತ್ರ ಅಂದು ಉಣ್ಣಾಕ ಕುಂತ್ನಿ."

ಬೈದಿದ್ದರೆ ತಾಳಿಕೊಳ್ಳುತ್ತಿದ್ದೆ.

ಮರುದಿನ ಅವರು ಪ್ರಾಯಶ್ಚಿತ್ತವಾಗಿ ನಿರಾಹಾರವಿದ್ದರು. ನಾನೂ ಉಪವಾಸವಿರುವೆನೆಂದಾಗ ಪದ್ಮವ್ವ ಗದರಿದರು: "ಮುದಿಕೀ ಜೋಡಿ ಪೈಪೋಟಿ ಹಚ್ಚೀಯೇನು? ದುಡಿಯೋ ಮನಷ್ಯಾ, ಉಣ್ಣು." ಸೊಸೆಯಿಂದ ಬಿಸಿ ಉಪ್ಪಿಟ್ಟು ಬಡಿಸಿಸಿ, ಮುಗಿಯುವತನಕ ಎದುರಿಗೇ ಕುಳಿತರು. ತಲೆಯೆತ್ತದೆ ತಿಂದೆ.

ಬೆಳಕಿಗೆ ಚೌಕಟ್ಟು ತಿಳಿಯದು. ಕ್ಯಾಮೆರಾ ಕಾಣದ ಕೋಣೆಯಲ್ಲಿಯೂ ಅದನ್ನು ನಂಬಿ ಬದುಕುವವರಿರುತ್ತಾರೆ. ಅಂದಿನಿಂದ ಯಾರ ಮನೆಯಲ್ಲೇ ಆಗಲಿ, ದೀಪ ಹಚ್ಚಿಸುವ ಮುನ್ನ ಒಳಗೆ ಹೋಗಿ ಹಿರಿಯರಿಗೆ ಕೈಮುಗಿದು, ಹೊರಗೆ ನಿಜವಾಗಿ ಹೊತ್ತೆಷ್ಟೆಂದು ಹೇಳಿ ಬರುತ್ತಿದ್ದೆ.